ಆಮೆಮರಿಗೆ ಏನು ತಿನ್ನಿಸಬೇಕು, ಎಷ್ಟು ತಿನ್ನಿಸಬೇಕು?

ಮೈಸೂರಿನ ಅಕ್ವೇರಿಯಂ ಅಂಗಡಿಯಲ್ಲಿ ಆಮೆಮರಿ ಕೊಂಡರೆ, ಜೊತೆಗೆ ಒಂದು ಪುಟ್ಟ ಡಬ್ಬಿಯನ್ನೂ ಕೈಗಿಡುತ್ತಾರೆ. ಒಳಗಿರುವುದು ಒಣಗಿಸಿದ ಸಣ್ಣ ಸೀಗಡಿ. ‘ದಿನಾ ನಾಲ್ಕು ಹಾಕಿ, ಸಾಕು’ ಅನ್ನುತ್ತಾರೆ. ಮರಿಯೂ ಗಬಗಬ ತಿನ್ನುತ್ತದೆ, ಮನೆಯವರಿಗೂ ಖುಷಿ. ಆದರೆ ಬರೀ ಈ ಡಬ್ಬಿಯನ್ನೇ ನಂಬಿ ಬೆಳೆಸಿದ ಮರಿ ಕೆಲವು ತಿಂಗಳಲ್ಲೇ ಕಾಯಿಲೆ ಬೀಳುವುದು ಜಾಸ್ತಿ.

ಕುವೆಂಪುನಗರದ ಮನೆಯೊಂದರಲ್ಲಿ ಅಂಥ ಒಂದು ಮರಿಯನ್ನು ಹತ್ತಿರದಿಂದ ನೋಡಿದ್ದೇನೆ. ಎರಡೂ ರೆಪ್ಪೆ ಊದಿ ಅಂಟಿಕೊಂಡಿದ್ದವು. ಸೀಗಡಿ ಮೂಗಿನ ಮುಂದೆಯೇ ತೇಲುತ್ತಿದ್ದರೂ ಅದಕ್ಕೆ ಕಾಣುತ್ತಿರಲಿಲ್ಲ. ಕತ್ತು ಚಾಚುವುದು, ಬರೀ ನೀರನ್ನು ಕಚ್ಚುವುದು, ಸುಮ್ಮನಾಗುವುದು. ಇಷ್ಟೇ. ವಿಟಮಿನ್ ಎ ಕೊರತೆಯಾದ ಆಮೆಗಳಲ್ಲಿ ಕಾಣುವ ಲಕ್ಷಣ ಇದು. ಕಣ್ಣು ಕಾಣದ ಆಮೆ ತಿನ್ನುವುದಿಲ್ಲ. ತಿನ್ನದಿದ್ದರೆ ಕೊರತೆ ಇನ್ನೂ ಹೆಚ್ಚುತ್ತದೆ. ಒಣಸೀಗಡಿಯೊಂದನ್ನೇ ಕೊಡುವುದು ಮಕ್ಕಳಿಗೆ ಮೂರು ಹೊತ್ತೂ ಚಿಪ್ಸ್ ಕೊಟ್ಟ ಹಾಗೆ. ಅಪರೂಪಕ್ಕೆ ಒಂದೆರಡು ಹಾಕಿದರೆ ತೊಂದರೆಯಿಲ್ಲ, ಅದೇ ಊಟವಾಗಬಾರದು.

ಮೊದಲು, ನಿಮ್ಮ ಮರಿ ಯಾವುದು ನೋಡಿ

ಅಂಗಡಿಗಳಲ್ಲಿ ಹೆಚ್ಚಾಗಿ ಸಿಗುವುದು ರೆಡ್ ಇಯರ್ಡ್ ಸ್ಲೈಡರ್ ಅನ್ನುವ ನೀರಾಮೆ. ಹಸಿರು ಚಿಪ್ಪು, ಕಣ್ಣಿನ ಹಿಂದೆ ಕೆಂಪು ಪಟ್ಟೆ. ಇದರ ತವರು ಅಮೆರಿಕದ ಮಿಸಿಸಿಪ್ಪಿ ನದಿ ಕಣಿವೆ. ಈ ಲೇಖನ ಇದರ ಮರಿಗಳ ಬಗ್ಗೆ ಮಾತ್ರ.

ವಿ.ಸಿ. ನಾಲೆಯಲ್ಲೋ ಊರ ಕೆರೆಯಲ್ಲೋ ಸಿಕ್ಕ ಆಮೆಮರಿಯನ್ನು ಮನೆಗೆ ತಂದು ಸಾಕುವಂತಿಲ್ಲ. ನಮ್ಮ ನಾಡಿನ ಆಮೆಗಳಿಗೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ರಕ್ಷಣೆಯಿದೆ, ನಕ್ಷತ್ರ ಆಮೆಗೂ ಅಷ್ಟೇ. ಹಾಗೇನಾದರೂ ಸಿಕ್ಕಿದರೆ ಅರಣ್ಯ ಇಲಾಖೆಯವರಿಗೆ ತಿಳಿಸಿ. ಹಾಗೆಯೇ ಅಂಗಡಿಯಿಂದ ತಂದ ಸ್ಲೈಡರ್ ದೊಡ್ಡದಾಯಿತು ಅಂತ ಕುಕ್ಕರಹಳ್ಳಿ ಕೆರೆಗೋ ಕಾವೇರಿಗೋ ಬಿಡುವುದೂ ಬೇಡ. ಜಗತ್ತಿನಲ್ಲಿ ಅತಿ ಹೆಚ್ಚು ಹಾನಿ ಮಾಡುವ 100 ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿ ಇದೂ ಇದೆ. ಈಗ ಮೂರು ಸೆಂಟಿಮೀಟರ್ ಇರುವ ಮರಿ, ಹೆಣ್ಣಾದರೆ 25ರಿಂದ 30 ಸೆಂಟಿಮೀಟರ್‌ವರೆಗೂ ಬೆಳೆಯಬಹುದು. ಚೆನ್ನಾಗಿ ನೋಡಿಕೊಂಡರೆ 20 ವರ್ಷಕ್ಕೂ ಮೀರಿ ಬದುಕುತ್ತದೆ. ಸಾಕುವುದಾದರೆ ಅಷ್ಟು ವರ್ಷಕ್ಕೂ ಸಿದ್ಧರಾಗಿ ತನ್ನಿ.

ಊಟಕ್ಕಿಂತ ಮುಂಚೆ ನೀರು ಬೆಚ್ಚಗಿರಲಿ

ಆಮೆಯ ಮೈಗೆ ತನ್ನದೇ ಶಾಖವಿಲ್ಲ. ನೀರು ತಣ್ಣಗಾದರೆ ಹಸಿವೂ ಹೋಗುತ್ತದೆ, ತಿಂದದ್ದು ಅರಗುವುದೂ ನಿಧಾನ. ಮರಿಗಳಿಗೆ 26ರಿಂದ 28 ಡಿಗ್ರಿ ನೀರು ಬೇಕು. ಮೈಸೂರಿನಲ್ಲಿ ಬೇಸಿಗೆಯಲ್ಲಿ ಇದು ತಾನಾಗಿಯೇ ಸಿಗುತ್ತದೆ. ಡಿಸೆಂಬರ್–ಜನವರಿಯ ರಾತ್ರಿ ಚಳಿಯಲ್ಲಿ ಸಿಗುವುದಿಲ್ಲ. ‘ಮರಿ ಒಂದು ವಾರದಿಂದ ಏನೂ ತಿಂದಿಲ್ಲ’ ಅನ್ನುವ ದೂರು ಆ ತಿಂಗಳುಗಳಲ್ಲೇ ಜಾಸ್ತಿ ಕೇಳಿಬರುವುದು. ಒಂದು ಸಣ್ಣ ಹೀಟರ್, ಒಂದು ಥರ್ಮಾಮೀಟರ್ ತಂದಿಡಿ. ಬೇರೆ ಬೇರೆ ಡಬ್ಬಿ ತಂದು ಪ್ರಯೋಗ ಮಾಡುವ ಮೊದಲು ನೀರಿನ ಬಿಸಿ ನೋಡಿ.

ಹೊಸದಾಗಿ ತಂದ ಮರಿ ಮೊದಲ ಕೆಲವು ದಿನ ತಿನ್ನದೇ ಇರಬಹುದು. ಜಾಗ ಹೊಸದು, ಹೆದರಿಕೆ ಇರುತ್ತದೆ. ಟ್ಯಾಂಕಿನ ಸುತ್ತ ಗಲಾಟೆ ಮಾಡದೆ ಬಿಟ್ಟುಬಿಡಿ.

ತಟ್ಟೆಯಲ್ಲಿ ಏನಿರಬೇಕು

ಸ್ಲೈಡರ್ ಮರಿಯಾಗಿದ್ದಾಗ ಹುಳ, ಮೀನು ಹೆಚ್ಚು ತಿನ್ನುತ್ತದೆ. ದೊಡ್ಡದಾದಂತೆ ಸೊಪ್ಪು, ನೀರುಗಿಡಗಳ ಕಡೆ ತಿರುಗುತ್ತದೆ. ಹಾಗಾಗಿ ಮರಿಯ ಊಟದಲ್ಲಿ ಪ್ರೊಟೀನ್ ಮುಂದಿರಬೇಕು, ಸೊಪ್ಪಿನ ಅಭ್ಯಾಸವೂ ಈಗಲೇ ಆಗಬೇಕು.

ದಿನದ ಊಟಕ್ಕೆ ಆಧಾರ ಆಮೆಗಳಿಗೆಂದೇ ಮಾಡಿದ ಪೆಲೆಟ್, ಅಂದರೆ ಒಣ ಆಹಾರದ ಗುಳಿಗೆ. ಡಬ್ಬಿಯ ಮೇಲೆ ಪ್ರೊಟೀನ್ ಪ್ರಮಾಣ ಓದಿ. ಮರಿಗಳಿಗೆ ಶೇ 35ರಿಂದ 40ರಷ್ಟು ಇರಲಿ. ಕ್ಯಾಲ್ಸಿಯಂ, ವಿಟಮಿನ್ ಎ, ವಿಟಮಿನ್ ಡಿ3 ಸೇರಿಸಿದ್ದಾರಾ ನೋಡಿ. ಪೆಲೆಟ್ ದೊಡ್ಡದಿದ್ದರೆ ಒಡೆದು ಹೆಸರುಕಾಳಿನಷ್ಟು ಚಿಕ್ಕದು ಮಾಡಿ. ಮೀನಿನ ಆಹಾರವನ್ನೇ ಆಮೆಗೂ ಹಾಕುವವರಿದ್ದಾರೆ. ಅದು ಒಂದು ದಿನದ ಪರದಾಟಕ್ಕೆ ಸರಿ, ದಿನದ ಊಟಕ್ಕಲ್ಲ.

ವಾರಕ್ಕೆ ಎರಡು ದಿನ ಪೆಲೆಟ್ ಬದಲು ಜೀವಂತ ಹುಳವನ್ನೋ ತಾಜಾ ಮಾಂಸಾಹಾರವನ್ನೋ ಕೊಡಿ. ಈ ವಿಷಯದಲ್ಲಿ ನಮ್ಮ ಕಡೆಯವರು ನಿಜಕ್ಕೂ ಅದೃಷ್ಟವಂತರು. ಎರೆಹುಳು ಬೇಕಾದರೆ ತಿಪ್ಪೆಯ ಪಕ್ಕದ ಒದ್ದೆ ಮಣ್ಣು ಕೆದಕಿದರೆ ಸಿಗುತ್ತದೆ. ಔಷಧಿ ಹೊಡೆದ, ಗೊಬ್ಬರ ಎರಚಿದ ಗದ್ದೆಯ ಹುಳು ಮಾತ್ರ ಬೇಡ. ಚೆನ್ನಾಗಿ ತೊಳೆದು, ಮರಿಯ ಬಾಯಿಗೆ ತಕ್ಕಂತೆ ತುಂಡು ಮಾಡಿ ಹಾಕಿ.

ಇನ್ನೊಂದು ರೇಷ್ಮೆ ಹುಳು. ಮಳವಳ್ಳಿ, ಮದ್ದೂರು ಕಡೆ ಹುಳು ಸಾಕುವ ನೆಂಟರೋ ಪರಿಚಯದವರೋ ಇದ್ದರೆ, ಎರಡನೇ ಜ್ವರ ಎದ್ದ, ಅಂದರೆ ಎರಡನೇ ಸಲ ಪೊರೆ ಕಳಚಿದ ಹುಳುಗಳನ್ನು ನಾಲ್ಕೈದು ಕೇಳಿ ತನ್ನಿ. ಮೈ ಮೆತ್ತಗೆ, ಕೊಬ್ಬು ಕಡಿಮೆ, ಗಟ್ಟಿ ಸಿಪ್ಪೆಯಿಲ್ಲ. ಮರಿಯ ಬಾಯಿಗೆ ಹೇಳಿ ಮಾಡಿಸಿದ ಗಾತ್ರ. ಆದರೆ ರೋಗ ಬಂದ ಹುಳು, ಹಾಸಿಗೆಗೆ ಸುಣ್ಣ ಅಥವಾ ಔಷಧಿಪುಡಿ ಉದುರಿಸಿದ ದಿನದ ಹುಳು ತರಬೇಡಿ. ನೂಲು ತೆಗೆದ ಮೇಲೆ ಉಳಿಯುವ ಗೂಡಿನ ಒಳಗಿನ ಹುಳು ಅಗ್ಗವಾಗಿ ಸಿಗುತ್ತದೆ ನಿಜ. ಅದರಲ್ಲಿ ಕೊಬ್ಬು ತುಂಬಾ, ಮರಿಗೆ ಬೇಡ.

ಸಣ್ಣ ಗಪ್ಪಿ ಮೀನು ಮುಳ್ಳು ಸಮೇತ ಆಗಬಹುದು. ಗೋಲ್ಡ್ ಫಿಶ್ ಬೇಡ. ಅದರ ಮೈಯಲ್ಲಿರುವ ಥಯಾಮಿನೇಸ್ ಅನ್ನುವ ಕಿಣ್ವ ವಿಟಮಿನ್ ಬಿ1 ಅನ್ನು ಹಾಳುಮಾಡುತ್ತದೆ. ಕೋಳಿ ಮಾಂಸವನ್ನು ಉಪ್ಪುಖಾರ ಹಾಕದೆ ಬೇಯಿಸಿ ಚೂರು ಕೊಡಬಹುದು, ಅದೂ ಅಪರೂಪಕ್ಕೆ. ಮೂಳೆಯಿಲ್ಲದ ಮಾಂಸದಲ್ಲಿ ರಂಜಕ ಜಾಸ್ತಿ, ಕ್ಯಾಲ್ಸಿಯಂ ಇಲ್ಲವೇ ಇಲ್ಲ ಅನ್ನುವಷ್ಟು ಕಡಿಮೆ. ಮರಿಗೆ ಬೇಕಾಗಿರುವುದು ಇದರ ಉಲ್ಟಾ: ರಂಜಕದ ಎರಡರಷ್ಟು ಕ್ಯಾಲ್ಸಿಯಂ.

ಸೊಪ್ಪು: ಅಜೋಲಾದಿಂದ ಶುರು ಮಾಡಿ

ಮರಿ ಮೊದಮೊದಲು ಸೊಪ್ಪನ್ನು ತಿರುಗಿಯೂ ನೋಡುವುದಿಲ್ಲ. ಬೇಜಾರು ಮಾಡಿಕೊಳ್ಳಬೇಡಿ, ದಿನಾ ಸ್ವಲ್ಪ ತೇಲಿಬಿಡಿ. ಎಲೆ ಅಲುಗಾಡುವುದನ್ನು ನೋಡಿ ಒಂದು ದಿನ ತಾನೇ ಬಾಯಿ ಹಾಕುತ್ತದೆ.

ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಅಜೋಲಾ ಅನ್ನುವ ನೀರುಗಿಡ. ಮಂಡ್ಯ ಕಡೆ ಹಸು ಸಾಕಿದ ಎಷ್ಟೋ ಮನೆಯವರು ಟಾರ್ಪಾಲಿನ ತೊಟ್ಟಿಯಲ್ಲಿ ಇದನ್ನು ಬೆಳೆಸುತ್ತಾರೆ. ಎಲೆ ಪುಟ್ಟದು, ನೀರಿನ ಮೇಲೆ ತಾನೇ ತೇಲುತ್ತದೆ, ಪ್ರೊಟೀನೂ ಇದೆ. ಆ ತೊಟ್ಟಿಗೆ ಸಗಣಿ ನೀರು ಹಾಕಿರುತ್ತಾರೆ, ಅದಕ್ಕೆ ಜರಡಿಯಲ್ಲಿಟ್ಟು ನಾಲ್ಕೈದು ಸಲ ನೀರು ಬಿಟ್ಟು ತೊಳೆಯಬೇಕು. ಸ್ವಲ್ಪ ತಂದು ಶುದ್ಧ ನೀರಿನ ಬಕೆಟ್ಟಿಗೆ ಬಿಟ್ಟು, ಅಲ್ಲಿ ಚಿಗುರಿದ್ದನ್ನು ಕೊಟ್ಟರೆ ಇನ್ನೂ ಒಳ್ಳೆಯದು.

ಹಿತ್ತಲಲ್ಲಿ ದಾಸವಾಳ ಇದ್ದರೆ ಎಳೆಯ ಎಲೆ, ಹೂವು ಎರಡೂ ಆಗುತ್ತದೆ. ಹಿಪ್ಪುನೇರಳೆ ಎಲೆ, ನುಗ್ಗೆ ಸೊಪ್ಪು, ಕೊತ್ತಂಬರಿ ಕೂಡ ಸರಿ. ಸಣ್ಣಗೆ ಹೆಚ್ಚಿ ಹಾಕಿ. ಸಿಹಿಗುಂಬಳ, ಕ್ಯಾರೆಟ್ ತುರಿದು ಒಂದು ಚಿಟಿಕೆ ಸೇರಿಸಿದರೆ ಅದರ ಬೀಟಾ ಕ್ಯಾರೊಟಿನ್‌ನಿಂದ ವಿಟಮಿನ್ ಎ ಕಡೆಗೂ ಸಹಾಯ.

ಪಾಲಕ್, ದಂಟು, ಬಸಳೆ ನಮಗೆ ಒಳ್ಳೆಯದು, ಮರಿಗೆ ಅಷ್ಟು ಒಳ್ಳೆಯದಲ್ಲ. ಅವುಗಳಲ್ಲಿರುವ ಆಕ್ಸಲೇಟ್ ಕ್ಯಾಲ್ಸಿಯಂ ಅನ್ನು ಹಿಡಿದಿಟ್ಟುಕೊಂಡು ಮೈಗೆ ಸೇರದಂತೆ ಮಾಡುತ್ತದೆ. ದೇವರಾಜ ಮಾರುಕಟ್ಟೆಯಿಂದ ತಂದ ಸೊಪ್ಪನ್ನು ಸ್ವಲ್ಪ ಹೊತ್ತು ನೀರಲ್ಲಿ ನೆನೆಸಿ, ಆಮೇಲೆ ತೊಳೆಯಿರಿ.

ಏನು ಹಾಕಲೇಬಾರದು

ಅನ್ನ, ಮುದ್ದೆ, ಚಪಾತಿ, ಬ್ರೆಡ್ಡು, ಬಿಸ್ಕತ್ತು ಬೇಡ. ಹಾಲು, ಮೊಸರು, ಪನೀರ್ ಅಂತೂ ಬೇಡವೇ ಬೇಡ, ಆಮೆಗೆ ಹಾಲಿನ ಪದಾರ್ಥ ಅರಗುವುದಿಲ್ಲ. ನಂಜನಗೂಡು ರಸಬಾಳೆ ನಮಗೆ ಎಷ್ಟೇ ರುಚಿಯಾದರೂ ಮರಿಯ ಹೊಟ್ಟೆಗೆ ಅಷ್ಟು ಸಿಹಿ ಒಗ್ಗುವುದಿಲ್ಲ. ಮನೆಯಲ್ಲಿ ಅಜ್ಜಿ ತಾತ ಇದ್ದರೆ ಪ್ರೀತಿಯಿಂದ ಒಂದಗುಳು ಹಾಕಿಯೇ ಹಾಕುತ್ತಾರೆ. ಅವರಿಗೂ ಕೂರಿಸಿಕೊಂಡು ಹೇಳಿ, ಅವರ ಕೈಯಲ್ಲೇ ಅಜೋಲಾ ಹಾಕಿಸಿ.

ಎಷ್ಟು ಹಾಕಬೇಕು

ಅಳತೆ ಮರಿಯ ತಲೆಯಲ್ಲೇ ಇದೆ. ಅದರ ತಲೆ ಒಳಗೆ ಟೊಳ್ಳಾಗಿದ್ದರೆ ಎಷ್ಟು ಪೆಲೆಟ್ ಹಿಡಿಸುತ್ತಿತ್ತೋ ಅಷ್ಟು, ದಿನಕ್ಕೆ ಒಂದು ಸಲ. ಮೂರು ಸೆಂಟಿಮೀಟರ್ ಮರಿಗೆ ಅದು ಕೆಲವೇ ಕಾಳು. ಬಹಳ ಕಡಿಮೆ ಅನ್ನಿಸುತ್ತದೆ, ಅಲ್ವಾ? ಆದರೆ ಸಾಕು. ಹುಳ, ಮೀನು ಕೊಡುವ ದಿನ ಹತ್ತು–ಹದಿನೈದು ನಿಮಿಷದಲ್ಲಿ ತಿಂದು ಮುಗಿಸುವಷ್ಟು ಹಾಕಿ, ಉಳಿದದ್ದನ್ನು ತೆಗೆಯಿರಿ. ಸೊಪ್ಪಿಗೆ ಲೆಕ್ಕವಿಲ್ಲ.

ಮರಿ ಬೇಡುವುದನ್ನು ಬಲುಬೇಗ ಕಲಿಯುತ್ತದೆ. ನಿಮ್ಮ ನೆರಳು ಕಂಡರೆ ಸಾಕು, ಗಾಜಿನ ಹತ್ತಿರ ಬಂದು ಕಾಲು ಬಡಿಯುತ್ತದೆ. ಅದು ಹಸಿವೆಯ ಲೆಕ್ಕವಲ್ಲ. ಕೇಳಿದಾಗಲೆಲ್ಲ ಹಾಕಿದರೆ ಮರಿ ಅತಿ ವೇಗವಾಗಿ ಬೆಳೆದು ಚಿಪ್ಪಿನ ಫಲಕಗಳು ಉಬ್ಬಿಕೊಳ್ಳುತ್ತವೆ, ಕಾಲಿನ ಬುಡದಲ್ಲಿ ಕೊಬ್ಬು ಎದ್ದು ಕಾಣುತ್ತದೆ, ನೀರೂ ಗಬ್ಬೆದ್ದು ಹೋಗುತ್ತದೆ.

ಊಟ ನೀರಿನಲ್ಲೇ

ಸ್ಲೈಡರ್‌ಗೆ ನೀರಿಲ್ಲದೆ ನುಂಗಲು ಬರುವುದಿಲ್ಲ. ಒಮ್ಮೆ ಕೂತು ನೋಡಿ: ಎರೆಹುಳುವಿನ ತುಂಡನ್ನು ಬಾಯಲ್ಲಿ ಕಚ್ಚಿ ಹಿಡಿಯುತ್ತದೆ, ಮುಂಗಾಲಿನ ಉಗುರಿನಿಂದ ಎರಡೂ ಬದಿ ಪರಪರ ಎಳೆದು ಹರಿಯುತ್ತದೆ, ಆಮೇಲೆ ನೀರಿನ ಜೊತೆಗೇ ಗುಟುಕರಿಸುತ್ತದೆ. ಒಣ ಕಲ್ಲಿನ ಮೇಲೆ ತಿಂಡಿ ಇಟ್ಟರೆ ಅದನ್ನೂ ನೀರಿಗೆ ಎಳೆದುಕೊಂಡು ಹೋಗುತ್ತದೆ. ತಿನ್ನಿಸಲು ಬೇರೆ ಟಬ್ ಇಟ್ಟರೆ ಟ್ಯಾಂಕ್ ಕೊಳೆಯಾಗುವುದು ಕಡಿಮೆ. ಆದರೆ ಎತ್ತಿದ ಕೂಡಲೇ ಹೆದರಿ ಊಟ ಬಿಡುವ ಮರಿಯಾದರೆ ಟ್ಯಾಂಕಿನಲ್ಲೇ ಕೊಡಿ, ಅರ್ಧ ಗಂಟೆ ಬಿಟ್ಟು ಜಾಲರಿಯಿಂದ ಉಳಿಕೆ ತೆಗೆಯಿರಿ. ಬೆಳಿಗ್ಗೆ ಕೊಡುವುದು ಒಳ್ಳೆಯದು. ತಿಂದ ಮೇಲೆ ಮೈ ಕಾಯಿಸಿಕೊಳ್ಳಲು ಇಡೀ ಹಗಲು ಇರುತ್ತದೆ.

ಕ್ಯಾಲ್ಸಿಯಂ ಮತ್ತು ಬಿಸಿಲು

ಪಕ್ಷಿಗಳ ಪಂಜರದಲ್ಲಿ ಸಿಕ್ಕಿಸುವ ಕಟಲ್ ಬೋನ್ ಗೊತ್ತಲ್ಲ? ಗ್ರಂಧಿಗೆ ಅಂಗಡಿಯವರು ಸಮುದ್ರ ಫೇನ ಅಂತ ಕೊಡುವುದೂ ಅದೇ. ಪುಡಿ ಬೇಡ, ಇಡೀ ತುಂಡು ತನ್ನಿ. ಗಟ್ಟಿ ಬೆನ್ನನ್ನು ಚಾಕುವಿನಿಂದ ತೆಗೆದು, ಮೆತ್ತಗಿನ ಬಿಳಿ ಭಾಗವನ್ನು ನೀರಿನಲ್ಲಿ ತೇಲಿಬಿಡಿ. ಮರಿ ಬೇಕಾದಾಗ ಕೆರೆದು ತಿನ್ನುತ್ತದೆ.

ಕ್ಯಾಲ್ಸಿಯಂ ಮೈಗೆ ಹತ್ತಬೇಕಾದರೆ ವಿಟಮಿನ್ ಡಿ3 ಬೇಕು. ಅದು ತಯಾರಾಗುವುದು ನೇರಳಾತೀತ ಬೆಳಕಿನಲ್ಲಿ. ಕಿಟಕಿಯ ಗಾಜಿನಿಂದ ಬರುವ ಬಿಸಿಲಿನಲ್ಲಿ ಆ ಬೆಳಕು ಇರುವುದಿಲ್ಲ, ಗಾಜು ತಡೆದುಬಿಡುತ್ತದೆ. ಆ ಬೆಳಕು ಕೊಡುವ ಯುವಿಬಿ ದೀಪ ಹಾಕಿಸುವುದು ಒಂದು ದಾರಿ. ಇಲ್ಲವಾದರೆ ದಿನಾ ಬೆಳಗಿನ ಎಳೆಬಿಸಿಲಿನಲ್ಲಿ 20–30 ನಿಮಿಷ ಹೊರಗಿಡಿ. ಟಬ್ ಪ್ಲಾಸ್ಟಿಕ್‌ನದಿರಲಿ, ಅರ್ಧಕ್ಕೆ ನೆರಳಿರಲಿ, ಹತ್ತಿ ಕೂರಲು ಒಂದು ಕಲ್ಲಿರಲಿ. ಮೇಲೆ ಜಾಲರಿ ಮುಚ್ಚದೆ ಒಳಗೆ ಹೋಗಬೇಡಿ. ತಾರಸಿ ಮೇಲಿಟ್ಟ ಆಮೆಮರಿ ಕಾಗೆ, ಹದ್ದಿಗೆ ಒಂದೇ ತುತ್ತು.

ಕೈ ತೊಳೆಯುವುದು

ಆಮೆಗಳ ಮೈಯಲ್ಲಿ ಸಾಲ್ಮೊನೆಲ್ಲಾ ಬ್ಯಾಕ್ಟೀರಿಯಾ ಇರಬಹುದು. ಇದರಿಂದ ಮಕ್ಕಳು ಕಾಯಿಲೆ ಬಿದ್ದ ಕಾರಣಕ್ಕೇ ಅಮೆರಿಕದಲ್ಲಿ 1975ರಿಂದ ನಾಲ್ಕು ಇಂಚಿಗಿಂತ ಸಣ್ಣ ಆಮೆಗಳ ಮಾರಾಟವನ್ನು ನಿಷೇಧಿಸಿದ್ದಾರೆ. ಟಬ್ಬನ್ನು ಅಡುಗೆಮನೆ ಸಿಂಕಿನಲ್ಲಿ ತೊಳೆಯಬೇಡಿ. ಮುಟ್ಟಿದ ಮೇಲೆ ಸೋಪು ಹಾಕಿ ಕೈ ತೊಳೆಯಿರಿ. ಐದು ವರ್ಷದೊಳಗಿನ ಮಕ್ಕಳ ಕೈಗೆ ಮರಿ ಕೊಡಬೇಡಿ, ದೂರದಿಂದ ನೋಡಲಿ.

ಬೆಳೆದಂತೆ ಬದಲಾಯಿಸಿ, ಕೆಟ್ಟರೆ ತೋರಿಸಿ

ಮೊದಲ ಆರು ತಿಂಗಳು ದಿನಾ ಊಟ. ವರ್ಷ ತುಂಬುವ ಹೊತ್ತಿಗೆ ಪೆಲೆಟ್ ದಿನ ಬಿಟ್ಟು ದಿನ, ಸೊಪ್ಪು ದಿನಾ. ದೊಡ್ಡದಾದ ಮೇಲೆ ಊಟದಲ್ಲಿ ಅರ್ಧಕ್ಕಿಂತ ಜಾಸ್ತಿ ಸೊಪ್ಪೇ ಇರಬೇಕು.

ವಾರಕ್ಕೊಮ್ಮೆ ಚಿಪ್ಪಿನ ಅಂಚನ್ನು ಬೆರಳಿನಿಂದ ಮೆಲ್ಲಗೆ ಮುಟ್ಟಿ ನೋಡಿ. ತೀರಾ ಪುಟ್ಟ ಮರಿಯ ಚಿಪ್ಪು ಸ್ವಲ್ಪ ಬಾಗುವುದು ಸಹಜ. ತಿಂಗಳು ಕಳೆದಂತೆ ಅದು ಗಟ್ಟಿಯಾಗುತ್ತಾ ಹೋಗಬೇಕು, ಇನ್ನೂ ಮೆತ್ತಗಾಗಬಾರದು. ಚಿಪ್ಪು ಮೆತ್ತಗಾದರೆ, ಕಣ್ಣು ಊದಿದರೆ, ಒಂದೇ ಕಡೆ ವಾಲಿ ಈಜಿದರೆ, ಬೆಚ್ಚಗಿನ ನೀರಿನಲ್ಲೂ ಒಂದು ವಾರ ಊಟ ಮುಟ್ಟದಿದ್ದರೆ, ಪಕ್ಷಿ ಅಥವಾ ಸರೀಸೃಪಗಳನ್ನು ನೋಡಿ ಅಭ್ಯಾಸವಿರುವ ಪಶುವೈದ್ಯರ ಹತ್ತಿರ ಹೋಗಿ. ಅಂಗಡಿಯಿಂದ ವಿಟಮಿನ್ ಡ್ರಾಪ್ಸ್ ತಂದು ನೀವೇ ಹಾಕಬೇಡಿ, ವಿಟಮಿನ್ ಎ ಹೆಚ್ಚಾದರೂ ಮರಿಗೆ ಅಪಾಯವೇ. ಹೋಗುವಾಗ ನೀವು ಕೊಡುತ್ತಿರುವ ಆಹಾರದ ಡಬ್ಬಿಯನ್ನೂ ಜೊತೆಗೆ ಒಯ್ಯಿರಿ.