ಡಬ್ಬ ಎಣಿಸಿಯೇ ಹಾರುತ್ತೇನೆ

ನಾನು ಮೊದಲ ಸಲ ಎತ್ತರದಿಂದ ಬಿದ್ದದ್ದು ಬೆಂಗಳೂರಿನ ಮಿನರ್ವ ಮಿಲ್‌ನಲ್ಲಿ. ಹೀರೋ ಒದ್ದ ಏಟಿಗೆ ರೌಡಿಯೊಬ್ಬ ಮೊದಲ ಮಹಡಿಯಿಂದ ಹಿಂದಕ್ಕೆ ಉರುಳಬೇಕು. ಆ ರೌಡಿ ನಾನು. ಕೆಳಗೆ ಹಾಸಿದ್ದು ರಟ್ಟಿನ ಡಬ್ಬಗಳು. ಗಾಳಿ ತುಂಬುವ ಬೆಡ್ಡಿಗೆ ಬಾಡಿಗೆ ಕೊಡುವಷ್ಟು ದುಡ್ಡು ನಮ್ಮಂಥ ಸಣ್ಣ ಸಿನಿಮಾಗಳಲ್ಲಿ ಇರುತ್ತಿರಲಿಲ್ಲ. ಎದ್ದು ಮೈ ಕೊಡವಿಕೊಂಡು ನಿಂತೆ, ಒಂದು ಗೀರೂ ಇರಲಿಲ್ಲ. ಇವತ್ತಿಗೂ ನನಗೆ ಆ ಡಬ್ಬಗಳ ಮೇಲೇ ನಂಬಿಕೆ.

ಹಾಸುವುದಕ್ಕೆ ಒಂದು ಕ್ರಮ ಇದೆ. ಎಸ್.ಪಿ. ರೋಡಿನ ಅಂಗಡಿಗಳಿಂದ ಒಂದೇ ಅಳತೆಯ ಖಾಲಿ ಡಬ್ಬ ಆರಿಸಿ ತರುತ್ತೇವೆ. ನೆಂದದ್ದು ಬೇಡ, ಪಿನ್ನು ಉಳಿದಿದ್ದರೆ ಕೀಳಬೇಕು. ಟೇಪ್ ಬಿಗಿಯಾಗಿ ಸುತ್ತಬಾರದು. ಡಬ್ಬ ಕುಸಿದು ಒಳಗಿನ ಗಾಳಿ ಹೊರಗೆ ಹೋದರೆ ತಾನೇ ಅದು ನಮ್ಮ ಭಾರ ತಡೆಯುವುದು! ಮೇಲೆ ತೆಳು ಹಾಸಿಗೆ, ಟಾರ್ಪಾಲು. ಸುತ್ತ ಹಗ್ಗ ಕಟ್ಟದಿದ್ದರೆ ಬಿದ್ದ ರಭಸಕ್ಕೆ ಡಬ್ಬಗಳು ಪಕ್ಕಕ್ಕೆ ಸರಿದು ನೆಲವೇ ಸಿಗುತ್ತದೆ. 20 ಅಡಿಯಿಂದ ಬಿದ್ದವನ ವೇಗ ಕೆಳಗೆ ಬರುವಷ್ಟರಲ್ಲಿ ಗಂಟೆಗೆ ಸುಮಾರು 39 ಕಿ.ಮೀ. ಅದನ್ನು ಮೂರು ಅಡಿ ಡಬ್ಬ ತಡೆದರೆ ಮುಂದಿನ ಶಾಟ್‌ಗೆ ಎದ್ದು ಹೋಗಬಹುದು, ನೆಲ ತಡೆದರೆ ಮೂಳೆ ಉಳಿಯದು. ಗದ್ದ ಎದೆಗೊತ್ತಿ, ಬೆನ್ನು ಕೊಟ್ಟು ಬೀಳಬೇಕು. ಒಂದು ಟೇಕ್ ಆದ ಮೇಲೆ ಕುಸಿದ ಡಬ್ಬಗಳನ್ನೆಲ್ಲ ತೆಗೆದು ಹೊಸದು ಇಡಲೇಬೇಕು.

ಫೈಟರ್ ಆಗಿ ಬಂದ ನಾನು ಎಫೆಕ್ಟ್ಸ್ ಕೆಲಸವನ್ನೂ ಕಲಿತೆ, ಸಣ್ಣ ಯೂನಿಟ್ಟಿನಲ್ಲಿ ಅದಕ್ಕೆಂದು ಬೇರೆ ಆಳು ಇರುವುದಿಲ್ಲ. ಸಕ್ಕರೆ ಪಾಕಕ್ಕೆ ಕೆಂಪು ಬಣ್ಣ, ಒಂದಿಷ್ಟು ಕಾಫಿ ಡಿಕಾಕ್ಷನ್ ಬೆರೆಸಿದರೆ ರಕ್ತ. ಡಿಕಾಕ್ಷನ್ ಇಲ್ಲದಿದ್ದರೆ ಕ್ಯಾಮೆರಾಗೆ ಅದು ಶರಬತ್ತಿನ ಹಾಗೆ ಕಾಣುತ್ತದೆ. ಒಡೆಯುವ ಗಾಜೂ ಸಕ್ಕರೆಯದೇ: ಪಾಕವನ್ನು 150 ಡಿಗ್ರಿವರೆಗೆ ಕಾಯಿಸಿ ತಟ್ಟೆಗೆ ಸುರಿದು ಆರಿಸಬೇಕು. ಸಕಲೇಶಪುರದ ಮಳೆಗಾಲದಲ್ಲಿ ರಾತ್ರಿಯೆಲ್ಲ ಕೂತು ಮಾಡಿದ ಗಾಜು ಬೆಳಗಾಗುವಷ್ಟರಲ್ಲಿ ತೇವ ಹೀರಿ ಅಂಟಂಟಾಗಿತ್ತು. ಕಿಟಕಿ ಬಿಟ್ಟು ಮಡಕೆಗಳ ಮೇಲೆ ಬೀಳುವ ಹಾಗೆ ಫೈಟ್ ಮಾಸ್ಟರು ಹೊಡೆದಾಟವನ್ನೇ ಬದಲಿಸಿದರು. ಬೆಂಕಿ ಸೀನಿದ್ದರೆ ಹತ್ತಿ ಬಟ್ಟೆ ಮಾತ್ರ. ನೈಲಾನ್ ಕರಗಿ ಚರ್ಮಕ್ಕೆ ಅಂಟಿಕೊಳ್ಳುತ್ತದೆ. ನೆನೆಸಿದ ಗೋಣಿಚೀಲ ಹಿಡಿದು ಇಬ್ಬರು ಫ್ರೇಮಿನ ಅಂಚಿನಲ್ಲೇ ನಿಂತಿರಬೇಕು.

ನನ್ನ ಗೆಳೆಯನ ಕಾಲು ಮುರಿದದ್ದು ರೀಟೇಕ್‌ನಲ್ಲಿ. ಮೊದಲ ಟೇಕ್ ಚೆನ್ನಾಗಿಯೇ ಬಂದಿತ್ತು, ಫೋಕಸ್ ಮಾತ್ರ ತಪ್ಪಿತ್ತು. ಹೊಸ ಡಬ್ಬ ಉಳಿದಿರಲಿಲ್ಲ. ಮ್ಯಾನೇಜರ್, "ಲೈಟ್ ಹೋಗ್ತಿದೆ, ಮೇಲೆ ಹಾಸಿಗೆ ಇದೆಯಲ್ಲ, ಬೇಗ ಮುಗಿಸ್ರಪ್ಪ" ಅಂದರು. ನಾನು ಅಲ್ಲೇ ಇದ್ದೆ, ಬಾಯಿ ಬಿಡಲಿಲ್ಲ. ಅವತ್ತಿನ ಬ್ಯಾಟಾ, ಅಂದರೆ ದಿನದ ಭತ್ಯೆ, ಸಂಜೆ ಕೈಗೆ ಬಂತು. ಆಸ್ಪತ್ರೆಯ ಬಿಲ್ಲನ್ನು ಫೈಟರ್‌ಗಳೇ ಸೇರಿ ಕಟ್ಟಿದೆವು. ಆ ಸುಮ್ಮನಿದ್ದದ್ದು ನನಗೆ ಇನ್ನೂ ನೋಯುತ್ತದೆ.

2016ರ ನವೆಂಬರ್ 7ರಂದು ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ, ಚಿತ್ರೀಕರಣಕ್ಕೆ ಹೆಲಿಕಾಪ್ಟರಿನಿಂದ ನೀರಿಗೆ ಹಾರಿದ ಇಬ್ಬರು ಕಲಾವಿದರು ಮುಳುಗಿ ತೀರಿಕೊಂಡರು. ಅಂದಿನಿಂದ ನೀರಿನ ಕೆಲಸ ಅಂದರೆ ನಾನು ಮೊದಲು ಕೇಳುವುದು ದೋಣಿ ಎಲ್ಲಿ, ಈಜುಗಾರರು ಎಲ್ಲಿ ಅಂತ. 2021ರ ಆಗಸ್ಟ್‌ನಲ್ಲಿ ಬಿಡದಿ ಹತ್ತಿರ ಫೈಟ್ ಶೂಟಿಂಗ್‌ನಲ್ಲಿ ನಮ್ಮವನೊಬ್ಬ ವಿದ್ಯುತ್ ತಗುಲಿ ಹೋದ. ಈಗ ಕ್ರೇನಿನಿಂದ ನಮ್ಮನ್ನು ಮೇಲೆತ್ತುವ ರೋಪ್ ಕಟ್ಟುವ ಮೊದಲು ತಲೆ ಎತ್ತಿ ಕರೆಂಟ್ ತಂತಿ ನೋಡುತ್ತೇನೆ. ಹತ್ತಿರದಲ್ಲಿದ್ದರೆ ಕ್ರೇನನ್ನು ಅಲ್ಲಿ ನಿಲ್ಲಿಸಲು ಬಿಡುವುದಿಲ್ಲ. ಇದರಿಂದ ಎರಡು ಸಿನಿಮಾ ಕೈತಪ್ಪಿದವು.

ಗೆಳೆಯ ಈಗ ಹಾರುವುದಿಲ್ಲ. ಶೂಟಿಂಗಿಗೆ ಬರುತ್ತಾನೆ, ಡಬ್ಬ ಜೋಡಿಸುತ್ತಾನೆ, ಪ್ರತಿ ಟೇಕ್ ಆದ ಮೇಲೆ ಸಾಲು ಸಾಲಾಗಿ ಮುಟ್ಟಿ ಎಣಿಸುತ್ತಾನೆ. ಡೈರೆಕ್ಟರು ಆಕ್ಷನ್ ಅಂದರೂ ಅವನು ಕೈ ಎತ್ತುವ ತನಕ ನಮ್ಮಲ್ಲಿ ಯಾರೂ ಅಂಚು ಬಿಡುವುದಿಲ್ಲ.