ಕುಸುರೆಳ್ಳಿನ ಕೈಯಲ್ಲಿ ಖಾರದ ಬುತ್ತಿ: ನನ್ನ ಅನುಭವ

ಸೀಗಿ ಹುಣ್ಣಿಮೆಗೆ ಅಂಬಾಭವಾನಿಯ ತುಳಜಾಪುರಕ್ಕೆ ನಡೆದು ಹೋಗಿದ್ದ ತಮ್ಮ ಮನೆಗೆ ಬಂದು ಕಾಲು ತೊಳೆಯುವ ಮೊದಲೇ ಅವನ ಹೆಗಲಚೀಲ ಇಸಕೊಂಡೆ. ತಳದಲ್ಲಿ ನಾನು ಮಾಡಿಕೊಟ್ಟ ಸಿಹಿ-ಖಾರದ ಶೇಂಗಾ ಬುತ್ತಿ ಎರಡು ಹಿಡಿಯಷ್ಟು ಉಳಿದಿತ್ತು. ಬಾಯಿ ಒಡೆದ ಪಾಕೀಟು, ಆರು ದಿನ, ನಡುವೆ ಆಳಂದ ದಾಟಿದ ಮೇಲೆ ಒಂದು ರಾತ್ರಿ ಮಳೆ. ಪರಾತಕ್ಕೆ, ಅಂದರೆ ಅಗಲ ತಾಟಿಗೆ, ಸುರಿದರೆ ಗಲಗಲ ಅಂತ ಬಿತ್ತು. ಒಂದು ಶೇಂಗಾ ಇನ್ನೊಂದಕ್ಕೆ ಅಂಟಿರಲಿಲ್ಲ. ಬಾಯಿಗೆ ಹಾಕಿಕೊಂಡೆ: ಮೊದಲು ಸಿಹಿ, ಹಿಂದೆಯೇ ಖಾರ, ಕೊನೆಗೆ ಕಟುಂ. ಎರಡು ವರ್ಷ ಇದಕ್ಕಾಗಿಯೇ ಒದ್ದಾಡಿದ್ದೆ.

ನಾನು ಕಲಬುರಗಿಯ ಬ್ರಹ್ಮಪುರದಲ್ಲಿ ಮನೆಯಿಂದಲೇ ಖಡಕ್ ರೊಟ್ಟಿ, ಶೇಂಗಾ ಹಿಂಡಿ, ಅಗಸಿ ಹಿಂಡಿ ಅನ್ನುವ ಚಟ್ನಿಪುಡಿ ಮಾಡಿ ಮಾರುವವಳು. ಹನ್ನೊಂದು ವರ್ಷವಾಯಿತು. ಅಣ್ಣನ ಮಗ ಬೆಂಗಳೂರಿನಿಂದ ಬರುವಾಗ ಒಂದು ಡಬ್ಬಿ ತಂದಿದ್ದ, ಟ್ರೇಲ್ ಮಿಕ್ಸ್ ಅಂತೆ. 200 ಗ್ರಾಂಗೆ 350 ರೂಪಾಯಿಯೋ ಏನೋ. ಬಾದಾಮಿ, ಕುಂಬಳಬೀಜ, ಒಣದ್ರಾಕ್ಷಿ, ಮೇಲೆ ಸಿಹಿ-ಖಾರದ ಲೇಪ. ಬೆಟ್ಟ ಹತ್ತುವವರು ದಾರಿಯಲ್ಲಿ ತಿನ್ನುತ್ತಾರೆ ಅಂದ. ನಮ್ಮ ಕಡೆ ಬೆಟ್ಟ ಹತ್ತುವವರು ಕಡಿಮೆ, ಆದರೆ ನಡೆಯುವವರು ಎಷ್ಟು ಮಂದಿ! ತುಳಜಾಪುರಕ್ಕೆ ನಡೆಯುತ್ತಾರೆ, ಯುಗಾದಿಗೆ ಶ್ರೀಶೈಲಕ್ಕೆ ನಡೆಯುತ್ತಾರೆ. ಹಿಡಿ ಹಿಡಿ ತಿಂದು ನೀರು ಕುಡಿದು ಮುಂದೆ ಹೋಗುವಂಥ ಬುತ್ತಿ ಅವರಿಗೂ ಬೇಕು. ಶೇಂಗಾ ನಮ್ಮದು, ಪುಟಾಣಿ, ಅಂದರೆ ಹುರಿಗಡಲೆ, ನಮ್ಮದು, ಒಣದ್ರಾಕ್ಷಿ ಪಕ್ಕದ ವಿಜಯಪುರದ್ದು. ನಾವೇಕೆ ಮಾಡಬಾರದು ಅನ್ನಿಸಿತು.

ಸೂಪರ್ ಮಾರ್ಕೆಟ್‌ನಲ್ಲಿ ನನ್ನ ರೊಟ್ಟಿ ಇಟ್ಟುಕೊಳ್ಳುವ ಅಂಗಡಿಯವರಿಗೆ ಹೇಳಿದರೆ ಅವರು ತಲೆ ಅಲ್ಲಾಡಿಸಿದರು. "ಅಕ್ಕಾರ, ಖಾರ ಬೇಕಂದ್ರ ಚೂಡಾ ಒಯ್ತಾರ, ಸಿಹಿ ಬೇಕಂದ್ರ ಚಿಕ್ಕಿ ಒಯ್ತಾರ. ಎರಡೂ ಒಂದ್ರಾಗ ಯಾರ್ ತಿಂತಾರ್ರಿ?" ನಮ್ಮ ವೈನಿಯೂ, ಅಂದರೆ ಅತ್ತಿಗೆಯೂ, ಅದನ್ನೇ ಅಂದರು. ಅಡುಗೆಯಲ್ಲಿ ವೈನಿಯ ಕೈ ದೊಡ್ಡದು, ಅವರು ಬೇಡ ಅಂದರೆ ಅರ್ಧ ಧೈರ್ಯ ಅಲ್ಲೇ ಹೋಗುತ್ತದೆ.

ಮೊದಲ ಸಲ ಚಿಕ್ಕಿಗೆ ಮಾಡುವ ಹಾಗೆಯೇ ಮಾಡಿದೆ. ಗಟ್ಟಿ ಬೆಲ್ಲದ ಪಾಕ, ನೀರಿಗೆ ಹಾಕಿದರೆ ಟಣ್ ಅನ್ನುವಷ್ಟು. ಅದಕ್ಕೆ ಖಾರಪುಡಿ ಸುರಿದು ಶೇಂಗಾ, ಗೋಡಂಬಿ, ಬಾದಾಮಿ ಹಾಕಿ ತಿರುವಿದೆ. ಕುದಿಯುವ ಪಾಕಕ್ಕೆ ಖಾರ ಬಿದ್ದದ್ದೇ ತಡ, ಘಾಟು ಎದ್ದು ಓಣಿಯೆಲ್ಲ ಕೆಮ್ಮಿತು. ಖಾರ ಸುಟ್ಟು ಕಹಿಯಾಯಿತು. ಅದಕ್ಕಿಂತ ದೊಡ್ಡ ಪೆಟ್ಟು ಮೂರನೇ ದಿನ ಬಿತ್ತು: ಡಬ್ಬಿ ತೆಗೆದರೆ ಎಲ್ಲ ಸೇರಿ ಒಂದೇ ಗಡ್ಡೆ. ಜುಲೈ ತಿಂಗಳು, ಹೊರಗೆ ಜಿಟಿಜಿಟಿ. ಒಂದು ಕಿಲೋ ಗೋಡಂಬಿ ಹೋಯಿತು, ಅರ್ಧ ಕಿಲೋ ಬಾದಾಮಿ, ಮೂರು ಕಿಲೋ ಶೇಂಗಾ. ಎರಡು ಸಾವಿರ ಚಿಲ್ಲರೆ.

ಎರಡನೇ ಸಲ ಖಾರವನ್ನು ಎರಡು ಚಮಚ ಕುಸುಬಿ ಎಣ್ಣೆಯಲ್ಲಿ ಕಲಸಿಟ್ಟು, ಒಲೆ ಆರಿಸಿದ ಮೇಲೆ ಹಾಕಿದೆ. ಘಾಟು ನಿಂತಿತು, ಬಣ್ಣವೂ ಬಂತು. ಇದು ಒಳ್ಳೆಯ ಉಪಾಯ, ಹಿಂಡಿ ಮಾಡುವವರಿಗೂ ಆಗುತ್ತದೆ. ಆದರೆ ಸ್ವಲ್ಪ ಹುಳಿ ಇರಲಿ ಅಂತ ಪಾಕಕ್ಕೆ ಎರಡು ನಿಂಬೆಹಣ್ಣು ಹಿಂಡಿಬಿಟ್ಟೆ. ಹುಳಿ ಬಿದ್ದರೆ ಸಕ್ಕರೆ ಹರಳಾಗದು, ಅಂಟಾಗಿ ಉಳಿಯುತ್ತದೆ. ಜಾಮೂನಿನ ಪಾಕಕ್ಕೆ ಅದೇ ಕಾರಣಕ್ಕೆ ನಿಂಬೆ ಹಿಂಡುತ್ತೇವೆ. ಗೊತ್ತಿದ್ದ ಮಾತೇ, ಆ ಹೊತ್ತಿಗೆ ತಲೆಗೆ ಹೋಗಲಿಲ್ಲ. ಬೆಲ್ಲಕ್ಕೆ ಮೊದಲೇ ನೀರು ಎಳೆಯುವ ಗುಣ, ಮೇಲೆ ನಿಂಬೆ. ಎರಡನೇ ದಿನಕ್ಕೇ ಬೆರಳಿಗೆ ಜಿಗುಟು. ಸಾಲದ್ದಕ್ಕೆ ಅಡುಗೆಮನೆಯ ಶಹಾಬಾದ್ ಕಲ್ಲಿನ ಕಟ್ಟೆ ಮೇಲೆ ಬಿಸಿಬಿಸಿ ಹರವಿದ್ದೆ. ಶಹಾಬಾದಿ ಕಲ್ಲು ಸುಣ್ಣದ ಕಲ್ಲು, ಹುಳಿ ತಾಗಿದ ಕಡೆಯೆಲ್ಲ ಹೊಳಪು ತಿಂದುಹಾಕಿತು. ಬೆಳಗ್ಗೆ ಓರೆಯಾಗಿ ನೋಡಿದರೆ ಆ ಬಿಳಿ ಕಲೆ ಈಗಲೂ ಕಾಣುತ್ತದೆ.

ಮೂರನೇ ಸಲ ಬೆಲ್ಲ ಬಿಟ್ಟು ಬರೀ ಸಕ್ಕರೆಯ ಗಟ್ಟಿ ಪಾಕ. ಗಾಜಿನ ಹಾಗೆ ಹೊಳೆಯುತ್ತಿತ್ತು, ನೋಡಲು ಬಹಳ ಚಂದ. ಇದೇ ಗೆದ್ದಿತು ಅಂದುಕೊಂಡು 40 ಪಾಕೀಟು ಅಂಗಡಿಗೆ ಕೊಟ್ಟೆ. ಶ್ರಾವಣದ ಹಸಿ ಗಾಳಿಗೆ ಆ ಗಾಜಿನಂಥ ಲೇಪವೂ ಬೆವರಿತು. ಎರಡು ವಾರಕ್ಕೆ 31 ಪಾಕೀಟು ವಾಪಸ್. ಅಂಗಡಿಯವರು ಬೈಯಲಿಲ್ಲ, ಚೀಲ ಕೈಗೆ ಕೊಟ್ಟು "ರೊಟ್ಟಿ ಮಾತ್ರ ತಪ್ಪದೆ ಕಳಸ್ರಿ" ಅಂದರು. ಆಗಿನವರೆಗೆ ಒಟ್ಟು ಎಂಟು-ಒಂಬತ್ತು ಸಾವಿರ ಮಣ್ಣುಪಾಲು. ರೊಟ್ಟಿಯ ಲಾಭದಲ್ಲಿ ಅದನ್ನು ತುಂಬಲು ನಾಲ್ಕು ತಿಂಗಳು ಹಿಡಿಯಿತು.

ದಾರಿ ಸಿಕ್ಕಿದ್ದು ಸಂಕ್ರಮಣಕ್ಕೆ. ನಮ್ಮ ಆಯಿ ಇದ್ದಾಗ ಕುಸುರೆಳ್ಳು ಮನೆಯಲ್ಲೇ ಆಗುತ್ತಿತ್ತು. ಶೆಗಡಿಯ ಸಣ್ಣ ಕೆಂಡದ ಮೇಲೆ ಹಿತ್ತಾಳೆ ಪರಾತ, ಅದರಲ್ಲಿ ಎಳ್ಳು, ಮೇಲೆ ಒಂದೊಂದೇ ಚಮಚ ಒಂದೆಳೆ ಪಾಕ, ಕೈಯಲ್ಲಿ ಆಡಿಸುತ್ತ ಆಡಿಸುತ್ತ ಮುಳ್ಳು ಬರುವವರೆಗೆ. ಅಂದು ನಾನು ಬಹಳ ವರ್ಷದ ಮೇಲೆ ಅದನ್ನು ಮಾಡಲು ಕೂತಿದ್ದೆ. ಒಂದು ಬಟ್ಟಲು ಕುಸುರೆಳ್ಳು ಕಪಾಟಿನಲ್ಲಿ ಮರೆತುಹೋಗಿ, ಮುಂದಿನ ಮಳೆಗಾಲದಲ್ಲಿ ಸಿಕ್ಕಿತು. ಬಿಡಿಬಿಡಿ ಇತ್ತು. ಮುಚ್ಚಳ ಸರಿಯಾಗಿ ಹಾಕಿರಲೇ ಇಲ್ಲ.

ಅಷ್ಟು ವರ್ಷ ಪಾಕ ಹರಳಾಗದಂತೆ ಜೋಪಾನ ಮಾಡಿದ ಕೈ ನಮ್ಮದು. ಪಾಕ ಹರಳಾದರೆ ಕೆಟ್ಟಿತು ಅನ್ನುತ್ತೇವೆ. ಈ ಕೆಲಸಕ್ಕೆ ಹರಳೇ ಬೇಕಾಗಿತ್ತು. ಗಾಜಿನಂಥ ಪಾಕ ಗಾಳಿಯ ನೀರು ಕುಡಿಯುತ್ತದೆ, ಹರಳಾದ ಸಕ್ಕರೆ ಅಷ್ಟು ಸುಲಭಕ್ಕೆ ಕುಡಿಯುವುದಿಲ್ಲ. ವೈನಿಗೆ ಹೇಳಿದೆ. "ಕುಸುರೆಳ್ಳಿಗೆ ಯಾರಾರ ಖಾರ ಹಾಕ್ತಾರೇನವಾ? ಹಬ್ಬದ್ ಪದಾರ್ಥ ಅದು" ಅಂದರು. ಅವರಿಗೆ ಬೇಸರವೇ ಆಯಿತು.

ಈಗ ಮಾಡುವ ರೀತಿ ಹೇಳುತ್ತೇನೆ. ಹುರಿಯುವುದು, ಪಾಕ ಹಿಡಿಯುವುದು ನಿಮಗೆಲ್ಲ ಗೊತ್ತು, ಅದನ್ನು ಬಿಡುತ್ತೇನೆ. ಶೇಂಗಾ ಹುರಿದ ದಿನವೇ ಲೇಪ ಹಾಕಬೇಡಿ. ಬಿಸಿ ಶೇಂಗಾ ಎಣ್ಣೆ ಬಿಡುತ್ತದೆ, ಪಾಕ ಜಾರುತ್ತದೆ. ಸಿಪ್ಪೆ ತೆಗೆದು ಒಂದು ರಾತ್ರಿ ಬಟ್ಟೆ ಮೇಲೆ ಹರವಿಡಿ. ಮೊದಲ ಸುತ್ತು ಗಟ್ಟಿಯಾಗಿ ಹಿಡಿಯಲು ನಾನು ಶೇಂಗಾಕ್ಕೆ ಇನ್ನೊಂದು ಕೆಲಸ ಮಾಡುತ್ತೇನೆ, ಅದೊಂದು ನನ್ನ ಹತ್ತಿರವೇ ಇರಲಿ.

ಒಂದು ಕಿಲೋ ಶೇಂಗಾಕ್ಕೆ ಸುಮಾರು 400 ಗ್ರಾಂ ಸಿಹಿ. ನಾಲ್ಕು ಪಾಲು ಸಕ್ಕರೆ, ಒಂದು ಪಾಲು ಬೆಲ್ಲ. ಬೆಲ್ಲ ಅದಕ್ಕಿಂತ ಹೆಚ್ಚಿದರೆ ಹರಳು ಹಿಡಿಯುವುದಿಲ್ಲ, ಮೂರು ಸಲ ನೋಡಿಯೇ ಹೇಳುತ್ತಿದ್ದೇನೆ. ಸಕ್ಕರೆ ಪಾಕಕ್ಕೆ ಚೂರು ಹಾಲು ಹಾಕಿ ಕಸ ತೆಗೆದು ಒಂದೆಳೆಗೆ ಇಳಿಸಿ. ಬೆಲ್ಲದ ಪಾಕ ಬೇರೆ ಮಾಡಿ ಸೋಸಿಕೊಳ್ಳಿ, ನಡುವಿನ ಸುತ್ತುಗಳಲ್ಲಿ ಬಳಸಿ. ಶೆಗಡಿ ಈಗ ಯಾರ ಮನೆಯಲ್ಲಿದೆ? ಗ್ಯಾಸ್ ಮೇಲೆ ರೊಟ್ಟಿ ಹಂಚು, ಹಂಚಿನ ಮೇಲೆ ಪರಾತ, ಉರಿ ಆದಷ್ಟು ಸಣ್ಣದು. ಪರಾತಕ್ಕೆ ಅಂಗೈ ತಾಗಿಸಿದರೆ ಬೆಚ್ಚಗಿರಬೇಕು, ಚುರ್ ಅನ್ನಬಾರದು. ಕಾವು ಹೆಚ್ಚಾದರೆ ಹಿಡಿದ ಹರಳೇ ಕರಗಿ ಕಂದು ಪಾಕವಾಗುತ್ತದೆ, ಮತ್ತೆ ಅದೇ ಅಂಟಿನ ಕಥೆ.

ಒಂದು ಚಮಚ ಪಾಕ ಹಾಕಿ ಆಡಿಸಿ. ಮೊದಲು ಪಚಪಚ ಸದ್ದು ಬರುತ್ತದೆ. ಒಂದು ನಿಮಿಷ ಬಿಟ್ಟು ಸದ್ದು ದಪ್ಪಗಾಗುತ್ತದೆ, ಶೇಂಗಾ ಕೈಗೆ ಭಾರ ಅನ್ನಿಸುತ್ತದೆ, ಜೋಡಿ ಜೋಡಿಯಾಗಿ ಕೂಡಿಕೊಳ್ಳಲು ನೋಡುತ್ತವೆ. ಆಗ ನಿಲ್ಲಿಸಬಾರದು, ಬೆರಳಲ್ಲಿ ಬಿಡಿಸುತ್ತಲೇ ಇರಬೇಕು. ಇದ್ದಕ್ಕಿದ್ದ ಹಾಗೆ ಮೈಮೇಲೆ ಬೂದಿ ಬಳಿದಂತೆ ಬೆಳ್ಳಗಾಗುತ್ತವೆ, ಸದ್ದು ಗರಗರ ಆಗುತ್ತದೆ. ಆ ಗರಗರ ಕೇಳಿದ ಮೇಲೆಯೇ ಎರಡನೇ ಚಮಚ. ಹೀಗೆ ಹನ್ನೆರಡರಿಂದ ಹದಿನೈದು ಸುತ್ತು, ಒಂದೂವರೆ ತಾಸು. ಅವಸರ ಮಾಡಿ ಎರಡು ಚಮಚ ಒಟ್ಟಿಗೆ ಸುರಿದರೆ ಗಂಟೇ ಗತಿ.

ಖಾರ ಕೊನೆಯ ಐದು ಸುತ್ತಿಗೆ ಮಾತ್ರ. ಮೊದಲೇ ಹಾಕಿದರೆ ತಾಸುಗಟ್ಟಲೆ ಕಾವಿಗೆ ಕಪ್ಪಾಗುತ್ತದೆ. ಬಣ್ಣಕ್ಕೆ ಬ್ಯಾಡಗಿ ಮೂರು ಪಾಲು, ಉರಿಗೆ ಗುಂಟೂರು ಒಂದು ಪಾಲು, ಒಟ್ಟು 25 ಗ್ರಾಂ ಸುಮಾರು, ತೆಳು ಬಟ್ಟೆಯಲ್ಲಿ ವಸ್ತ್ರಗಾಳಿ ಹಿಡಿದು ಪಾಕದಲ್ಲೇ ಕಲಸಿಕೊಳ್ಳಿ. ಹುರಿದ ಜೀರಿಗೆ ಇದೆ, ಇನ್ನೆರಡು ಸಾಮಾನೂ ಇವೆ, ಅವನ್ನು ಹೇಳುವುದಿಲ್ಲ. ಖಾರದ ಸುತ್ತಿಗೆ ಬರಿಗೈ ಹಾಕಬೇಡಿ. ನಾನು ಹಾಕಿ ರಾತ್ರಿಯೆಲ್ಲ ಕೈ ನೀರಲ್ಲಿ ಇಟ್ಟುಕೊಂಡು ಕೂತಿದ್ದೆ, ನೀರಿಗೆ ಉರಿ ಹೋಗುವುದಿಲ್ಲ. ಕೊಬ್ಬರಿ ಎಣ್ಣೆ ಹಚ್ಚಿ ಒರೆಸಿ, ಆಮೇಲೆ ಸೋಪು ಹಚ್ಚಿದರೆ ಹೋಗುತ್ತದೆ. ಈಗ ಆ ಐದು ಸುತ್ತಿಗೆ ಕಟ್ಟಿಗೆಯ ಚಪ್ಪಟೆ ಸೌಟು. ಉಪ್ಪು ನುಣ್ಣಗೆ ಪುಡಿ ಮಾಡಿ ಕೊನೆಯ ಸುತ್ತಿನಲ್ಲಿ ಪಾಕ ಹಸಿ ಇರುವಾಗಲೇ ಹಾಕಿ. ಹುಳಿ ಬೇಕಾದರೆ ಆಮ್‌ಚೂರ್, ಅದೂ ಪೂರ್ತಿ ಆರಿದ ಮೇಲೆ.

ಎಳ್ಳು, ಅಗಸಿ ಹಾಗೇ ಕಲಸಿದರೆ ಪಾಕೀಟಿನ ತಳಕ್ಕೆ ಇಳಿಯುತ್ತವೆ, ತಿನ್ನುವವರ ಬಾಯಿಗೆ ಬರುವುದೇ ಇಲ್ಲ. ಅವನ್ನೂ ಹಸಿ ಸುತ್ತಿನಲ್ಲಿ ಉದುರಿಸಿ ಶೇಂಗಾಕ್ಕೇ ಅಂಟಿಸುತ್ತೇನೆ. ಈ ಒಂದು ಕೆಲಸ ನನಗೆ ಬಹಳ ಇಷ್ಟ, ಕಾಳು ನೋಡಿದರೆ ಪುಟ್ಟ ಸೀತಾಫಲದ ಹಾಗೆ ಕಾಣುತ್ತದೆ.

ಉಳಿದದ್ದು ಕಲಸುವ ಕೆಲಸ. ಐದು ಕಿಲೋಗೆ ಲೇಪದ ಶೇಂಗಾ ಎರಡೂವರೆ, ಪುಟಾಣಿ ಒಂದು, ಒಣದ್ರಾಕ್ಷಿ 700 ಗ್ರಾಂ, ಕುಂಬಳಬೀಜ 400, ಗೋಡಂಬಿ 400. ದ್ರಾಕ್ಷಿಯನ್ನು ತೊಳೆಯದೆ, ತೆಳು ಬಟ್ಟೆ ಮುಚ್ಚಿ ಎರಡು ದಿನ ಬಿಸಿಲಿಗಿಟ್ಟು, ಪುಟಾಣಿ ಹಿಟ್ಟಿನಲ್ಲಿ ಹೊರಳಿಸುತ್ತೇನೆ.

ನಡುವೆ ಬೇರೆ ಪ್ರಯೋಗಗಳೂ ಆದವು. ಪಂಚಮಿಗೆ ಮಾಡುವ ಜೋಳದ ಅಳ್ಳು, ಅಂದರೆ ಅರಳು, ಹಾಕಿದೆ. ಮೊದಲ ವಾರ ಎಲ್ಲರೂ ಹೊಗಳಿದರು, ಆಮೇಲೆ ದ್ರಾಕ್ಷಿಯ ಹಸಿ ಹೀರಿ ಅಳ್ಳು ಅರಳೆಯ ಹಾಗಾಯಿತು. ದ್ರಾಕ್ಷಿ ಇದ್ದಲ್ಲಿ ಅಳ್ಳು ಬೇಡ. ಮನೆಯಲ್ಲಿ ನಾಲ್ಕು ದಿನದಲ್ಲಿ ಮುಗಿಸುವುದಕ್ಕೆ ಅಳ್ಳು ಹಾಕಿ ದ್ರಾಕ್ಷಿ ಬಿಡುತ್ತೇನೆ. ಕಲಬುರಗಿಯವಳಾಗಿ ತೊಗರಿ ಹಾಕದಿದ್ದರೆ ಹೇಗೆ? 2019ರಲ್ಲಿ ನಮ್ಮ ತೊಗರಿ ಬೇಳೆಗೆ ಭೌಗೋಳಿಕ ಗುರುತು ಸಿಕ್ಕಿತ್ತು, ಪಾಕೀಟಿನ ಮೇಲೆ ಹೆಮ್ಮೆಯಿಂದ ಬರೆಯಬಹುದಿತ್ತು. ಬೇಳೆಯನ್ನು ನಾಲ್ಕು ತಾಸು ನೆನೆಸಿ, ಬಟ್ಟೆಯಲ್ಲಿ ಆರಿಸಿ, ಕುಸುಬಿ ಎಣ್ಣೆಯಲ್ಲಿ ಕರಿದೆ. ಅಂದು ಕರಕರ, ವಾರ ಬಿಟ್ಟು ಹರಳುಕಲ್ಲು. ಅತ್ತಿಯವರ ಹಲ್ಲಿಗೆ ನೋವಾಯಿತು, ಬಿಟ್ಟೆ. ಒಣಕೊಬ್ಬರಿ ಚೂರು ಇಪ್ಪತ್ತು ದಿನಕ್ಕೆ ಕಮಟು ವಾಸನೆ. ಬೆಳ್ಳುಳ್ಳಿ ಖಾರದ್ದು ರುಚಿಯಲ್ಲಿ ಎಲ್ಲಕ್ಕಿಂತ ಮೇಲಿತ್ತು, ಆದರೆ ಅಂಬಾಭವಾನಿಗೆ ನಡೆಯುವವರು ವ್ರತದಲ್ಲಿರುತ್ತಾರೆ, ಬಹಳ ಮಂದಿ ಉಳ್ಳಾಗಡ್ಡಿ ಬೆಳ್ಳುಳ್ಳಿ ಮುಟ್ಟುವುದಿಲ್ಲ. ಅದನ್ನು ಬೇರೆ ಪಾಕೀಟು ಮಾಡಿದ್ದೇನೆ.

ಇನ್ನು ದುಡ್ಡಿನ ಮಾತು. ನೆಹರೂ ಗಂಜ್ ಮಾರುಕಟ್ಟೆಯಲ್ಲಿ ನಾನು ಕೊಂಡಾಗಿನ ದರ ನೆನಪಿನಿಂದ ಹೇಳುತ್ತೇನೆ: ಶೇಂಗಾ ಕಿಲೋ 140, ದ್ರಾಕ್ಷಿ 320, ಕುಂಬಳಬೀಜ 600, ಗೋಡಂಬಿ 950ರ ಹತ್ತಿರ. ಐದು ಕಿಲೋದ ಸಾಮಾನಿಗೆ 1,300, ಗ್ಯಾಸು ಪಾಕೀಟು 150, ಕೈಜೋಡಿಸುವ ಹುಡುಗಿಗೆ ಅರ್ಧ ದಿನದ ಕೂಲಿ 150. ಒಟ್ಟು 1,600. 250 ಗ್ರಾಂನ ಇಪ್ಪತ್ತು ಪಾಕೀಟು, ಅಂದರೆ ಒಂದಕ್ಕೆ 80. ಮಾರುವುದು 130ಕ್ಕೆ. ಅಂಗಡಿಯವರಿಗೆ ನೂರಕ್ಕೆ ಇಪ್ಪತ್ತು ಬಿಟ್ಟರೆ ನನಗೆ ಉಳಿಯುವುದು 24, ಮನೆಯಿಂದಲೇ ಹೋದರೆ 50. ನನ್ನ ಕೈಕೂಲಿ ಅದರಲ್ಲೇ ಬಂತು. ಬಾದಾಮಿ ಹಾಕಿದರೆ 130ಕ್ಕೆ ಹೊಂದುವುದಿಲ್ಲ. ಗೋಡಂಬಿ ಬಿಟ್ಟರೆ ಜನ ಪಾಕೀಟು ತಿರುಗಿಸಿ ನೋಡಿ ಇಟ್ಟುಬಿಡುತ್ತಾರೆ. ತುಂಡು ಗೋಡಂಬಿ ಸಾಕು, ಇಡಿಯದು ಬೇಡ.

ಈ ಸೀಗಿ ಹುಣ್ಣಿಮೆಗೆ 180 ಪಾಕೀಟಿನ ಮೇಲೆ ಹೋಯಿತು, ಮುಕ್ಕಾಲು ಪಾಲು ಮನೆ ಬಾಗಿಲಿಗೇ ಬಂದು ಒಯ್ದರು. ಅಂಗಡಿಯವರು ತಾವಾಗಿಯೇ 50 ಕೇಳಿದ್ದರು, 30 ಕೊಟ್ಟೆ, ಕೈ ಸಾಗಲಿಲ್ಲ. ವೈನಿ ಪುಣೆಯ ಮಗಳಿಗೆ ಕಳಿಸಲು ಎರಡು ಕಿಲೋ ಮಾಡಿಸಿಕೊಂಡರು. ಖಾರ ಸ್ವಲ್ಪ ಕಡಿಮೆ ಮಾಡು ಅಂದರು, ಮಾಡಿದೆ.

ಮನೆಮಟ್ಟಿಗೆ ಮಾಡಿ ನೋಡುವವರು ಅರ್ಧ ಕಿಲೋ ಶೇಂಗಾದಿಂದ ಶುರು ಮಾಡಿ, ಅದಕ್ಕಿಂತ ಹೆಚ್ಚು ತಗೊಂಡರೆ ಮೊದಲ ಸಲ ಕೈಗೆ ಸಿಗುವುದಿಲ್ಲ. ಚಳಿಗಾಲದ ಬೆಳಗ್ಗೆ ಒಳ್ಳೆಯದು. ಫ್ಯಾನ್ ಹಾಕಬೇಡಿ, ಪಾಕ ಚಮಚದಲ್ಲೇ ಹರಳಾಗುತ್ತದೆ. ಮುಗಿದ ಮೇಲೆ ಪರಾತದ ತಳದಲ್ಲಿ ಖಾರದ ಸಕ್ಕರೆಪುಡಿ ಎರಡು ಹಿಡಿ ಉಳಿಯುತ್ತದೆ, ತೊಳೆದುಬಿಡಬೇಡಿ. ಪೇರಲ ಹಣ್ಣು ಹೆಚ್ಚಿ ಅದರ ಮೇಲೆ ಉದುರಿಸಿ ಮಕ್ಕಳಿಗೆ ಕೊಡಿ.