ಜನರಲ್ ಕೆಮಿಸ್ಟ್ರಿಗೆ ಗಟ್ಟಿ ಪುಸ್ತಕ: ನಾನು ಆರಿಸುವ ಬಗೆ

ಹೊಸ ಪುಸ್ತಕ ಕೈಗೆ ಬಂದರೆ ನಾನು ಮುನ್ನುಡಿ ಓದುವುದಿಲ್ಲ, ಆಸಿಡ್-ಬೇಸ್ ಅಧ್ಯಾಯ ತೆರೆಯುತ್ತೇನೆ. ಅಲ್ಲಿ ಹುಡುಕುವುದು ಒಂದು ಲೆಕ್ಕ: 10⁻⁸ ಮೋಲಾರ್ ಹೈಡ್ರೋಕ್ಲೋರಿಕ್ ಆಮ್ಲದ ಪಿಎಚ್ ಎಷ್ಟು? ಪಿಯುಸಿ ಸೂತ್ರಕ್ಕೆ ಹಾಕಿದರೆ 8 ಬರುತ್ತದೆ (7ಕ್ಕಿಂತ ಕಡಿಮೆಯಾದರೆ ಆಮ್ಲ, ಹೆಚ್ಚಾದರೆ ಕ್ಷಾರ). ಆಮ್ಲ ಬೆರೆಸಿದ ನೀರು ಕ್ಷಾರವಾಗುವುದುಂಟೇ? ಇಷ್ಟು ತೆಳುವಾದ ದ್ರಾವಣದಲ್ಲಿ ಆಮ್ಲಕ್ಕಿಂತ ನೀರೇ ಹೆಚ್ಚು ಹೈಡ್ರೋಜನ್ ಅಯಾನು ಕೊಡುತ್ತದೆ. ಧನ, ಋಣ ಆವೇಶಗಳು ಸಮ ಎಂದು ಬರೆದು, ನೀರಿನ ಅಯಾನಿಕ ಗುಣಲಬ್ಧ (ಹೈಡ್ರೋಜನ್, ಹೈಡ್ರಾಕ್ಸೈಡ್ ಅಯಾನುಗಳ ಸಾಂದ್ರತೆಗಳ ಗುಣಲಬ್ಧ) 10⁻¹⁴ ಅನ್ನು ಅದಕ್ಕೆ ಸೇರಿಸಿ, ಬರುವ ವರ್ಗ ಸಮೀಕರಣ ಬಿಡಿಸಬೇಕು. ಹೈಡ್ರೋಜನ್ ಅಯಾನು 1.05 × 10⁻⁷ ಮೋಲಾರ್, ಪಿಎಚ್ 6.98. ಈ ದಾರಿಯನ್ನು ಹೆಜ್ಜೆಹೆಜ್ಜೆಯಾಗಿ ತೋರಿಸಿ, ಯಾವಾಗ ನೀರಿನ ಪಾಲನ್ನು ಕೈಬಿಡಬಹುದು ಎಂದೂ ಹೇಳುವ ಪುಸ್ತಕವನ್ನು ಮಾತ್ರ ಮುಂದೆ ತಿರುವಿ ಹಾಕುತ್ತೇನೆ.

ಆಮೇಲೆ ಎರಡು ಸಣ್ಣ ತಪಾಸಣೆ. ಸಮತೋಲನದಲ್ಲಿರುವ ಅನಿಲ ಮಿಶ್ರಣಕ್ಕೆ ಯಾವುದರೊಡನೆಯೂ ವರ್ತಿಸದ ಆರ್ಗಾನ್ ಸೇರಿಸಿದರೆ ಏನಾಗುತ್ತದೆ ಎಂಬಲ್ಲಿ, ಗಾತ್ರ ಸ್ಥಿರವೋ ಒತ್ತಡ ಸ್ಥಿರವೋ ಎಂದು ಬೇರೆ ಮಾಡಿದ್ದಾರೆಯೇ? ಗಾತ್ರ ಸ್ಥಿರವಿದ್ದರೆ ಸಮತೋಲನ ಕದಲುವುದಿಲ್ಲ; ಒತ್ತಡ ಸ್ಥಿರವಿದ್ದರೆ ಹೆಚ್ಚು ಮೋಲ್ ಅನಿಲವಿರುವ ಕಡೆಗೆ ಸರಿಯುತ್ತದೆ. ಇನ್ನೊಂದು, ಸಲ್ಫರ್ ಹೆಕ್ಸಾಫ್ಲೋರೈಡಿನ ಬಂಧವನ್ನು ಡಿ ಕಕ್ಷಕಗಳ ಹೈಬ್ರಿಡೀಕರಣ (ಬೇರೆ ಕಕ್ಷಕಗಳೊಡನೆ ಬೆರೆಯುವಿಕೆ) ಎಂದಷ್ಟೇ ಹೇಳಿ ಮುಗಿಸಿದ್ದರೆ ಆ ಪುಸ್ತಕ ಹಳೆಯ ವಿವರಣೆಯಲ್ಲೇ ನಿಂತಿದೆ ಎಂದರ್ಥ.

ನನ್ನ ಮೊದಲ ಆಯ್ಕೆ ಆಕ್ಸ್‌ಟೋಬಿ, ಗಿಲ್ಲಿಸ್, ಕ್ಯಾಂಪಿಯನ್ ಅವರ 'ಪ್ರಿನ್ಸಿಪಲ್ಸ್ ಆಫ್ ಮಾಡರ್ನ್ ಕೆಮಿಸ್ಟ್ರಿ'. ಕ್ಯಾಲ್ಕುಲಸ್ ಬೇಕಾದಲ್ಲಿ ಅಂಜದೆ ಬಳಸುತ್ತದೆ; ಅವಕಲನ, ಅನುಕಲನ ಕೈಹಿಡಿದಿರದವರಿಗೆ ಥರ್ಮೋಡೈನಾಮಿಕ್ಸ್ ಭಾಗ ಕಷ್ಟ. ಅಂಥವರಿಗೆ ಜುಮ್ಡಾಲ್ ಅವರ 'ಕೆಮಿಕಲ್ ಪ್ರಿನ್ಸಿಪಲ್ಸ್' ಒಳ್ಳೆಯದು. ಮೇಲಿನ 10⁻⁸ ಲೆಕ್ಕದಂಥವಕ್ಕೆ ಅಲ್ಲಿ ಪ್ರತ್ಯೇಕ ಭಾಗವೇ ಇದೆ. ಅಂಗಡಿಯಲ್ಲಿ ಹೆಸರು ಸರಿಯಾಗಿ ಹೇಳಿ: ಅದೇ ಲೇಖಕರ 'ಕೆಮಿಸ್ಟ್ರಿ' ಎಂಬ ಪುಸ್ತಕ ಬೇರೆ, ಅಷ್ಟು ಆಳವಿಲ್ಲ. ಪಾಲಿಂಗ್ ಅವರ 'ಜನರಲ್ ಕೆಮಿಸ್ಟ್ರಿ' (1970ರ ಆವೃತ್ತಿಯ ಡೋವರ್ ಮರುಮುದ್ರಣ) ಜೊತೆಗಿಟ್ಟುಕೊಳ್ಳಲು ಚೆನ್ನ, ಅದೊಂದನ್ನೇ ನೆಚ್ಚಿಕೊಳ್ಳಬೇಡಿ.

ಸೆಕೆಂಡ್ ಹ್ಯಾಂಡ್ ಪ್ರತಿ ಕೊಳ್ಳಲು ಹಿಂಜರಿಯಬೇಕಿಲ್ಲ, ಆವೃತ್ತಿ ಒಂದೆರಡು ಹಿಂದಿನದಾದರೂ ಆದೀತು. ಪ್ರಮಾಣಕ ಒತ್ತಡ 1 ಬಾರೋ 1 ಅಟ್ಮಾಸ್ಫಿಯರೋ ನೋಡಿಕೊಳ್ಳಿ. 0 ಡಿಗ್ರಿ ಸೆಲ್ಸಿಯಸ್‌ನಲ್ಲಿ ಒಂದು ಮೋಲ್ ಅನಿಲದ ಗಾತ್ರ ಮೊದಲನೆಯದರಲ್ಲಿ 22.7 ಲೀಟರ್, ಎರಡನೆಯದರಲ್ಲಿ 22.4, ಎರಡು ಪುಸ್ತಕಗಳ ಉತ್ತರ ಹೊಂದದಿರುವುದಕ್ಕೆ ಎಷ್ಟೋ ಸಲ ಇದೇ ಕಾರಣ. ಕೊನೆಯ ಪುಟಗಳಲ್ಲಿ ಬೆಸಸಂಖ್ಯೆಯ ಲೆಕ್ಕಗಳ ಉತ್ತರವಾದರೂ ಇರಲೇಬೇಕು. ಒಬ್ಬರೇ ಕೂತು ಓದುವವರಿಗೆ ಅದಿಲ್ಲದ ಪ್ರತಿ ದಂಡ.